ವಾಸನೆ ಇಲ್ಲದ ಚಿತ್ರ

ಕ್ಯಾಮೆರಾಕ್ಕೆ ಮಡಿ–ಮೈಲಿಗೆ ಇಲ್ಲ, ಮುಚ್ಚಿಟ್ಟದ್ದನ್ನೆಲ್ಲ ಅದು ಬಯಲಿಗೆಳೆಯುತ್ತದೆ ಎಂದು ಫೋಟೊಗ್ರಾಫರ್ ಗೆಳೆಯರೊಬ್ಬರು ಮೊನ್ನೆ ಹೇಳಿದರು. ಕ್ಯಾಮೆರಾಕ್ಕೆ ಇರಲಿಕ್ಕಿಲ್ಲ, ನೋಡುವ ನಮಗೆ ಇದೆಯಲ್ಲ!

ಸವಣೂರಿನ ಚಿತ್ರ ಎಂದರೆ ಅಲ್ಲಿಯವರೆಗೆ ದೊಡ್ಡಹುಣಸೆ ಮರಗಳದ್ದು, ತಪ್ಪಿದರೆ ಎಲೆಬಳ್ಳಿ ತೋಟದ್ದು. 2010ರ ಜುಲೈ 20ರಂದು ಬೇರೆಯದೇ ಚಿತ್ರ ಬಂತು. ತಲೆಮಾರುಗಳಿಂದ ಊರಿನ ಪಾಯಿಖಾನೆ ಬಳಿದ ಭಂಗಿ ಸಮುದಾಯದವರು, ವಾಸದ ಜಾಗದಿಂದಲೂ ಎಬ್ಬಿಸುತ್ತಾರೆಂದು ರೋಸಿಹೋಗಿ, ಪುರಸಭೆಯೆದುರು ಮಲವನ್ನು ಮೈಮೇಲೆ ಸುರಿದುಕೊಂಡರು. ಚಹಾದಂಗಡಿಯಲ್ಲಿ ನನ್ನೆದುರು ಕೂತಿದ್ದವರು ಪತ್ರಿಕೆಯ ಆ ಪುಟವನ್ನು ನೋಡಿದರು, ಮುಖ ತಿರುವಿದರು, ಮತ್ತೆ ನೋಡಿದರು. ಆಮೇಲೆ ಪತ್ರಿಕೆಯನ್ನು ಮಗುಚಿ ಅದರ ಮೇಲೆ ಮಿರ್ಚಿ ತಟ್ಟೆ ಇಟ್ಟುಕೊಂಡರು.

ನನ್ನ ವಾದವೆಲ್ಲ ಆ ಎರಡನೆಯ ನೋಟದ ಮೇಲೆ ನಿಂತಿದೆ. ಮೈಲಿಗೆ ಅಂಟುವುದು ಮುಟ್ಟಿದರೆ. ಚಿತ್ರ ಮುಟ್ಟಿಸದೆ ತೋರಿಸುತ್ತದೆ, ಮೂಗಿಗೂ ಬಡಿಯುವುದಿಲ್ಲ. ನಿಷೇಧದ ಅಂಗಳಕ್ಕೆ ಹೊಕ್ಕು, ಸ್ನಾನದ ಗೊಡವೆಯಿಲ್ಲದೆ ಹೊರಬರಬಹುದು. ನಮ್ಮ ಕುತೂಹಲಕ್ಕೆ ಇದಕ್ಕಿಂತ ಅಗ್ಗದ ಸವಾರಿ ಯಾವುದಿದೆ?

ಮಲ ಬಳಿಸುವುದನ್ನು 1993ರ ಕಾನೂನೇ ನಿಷೇಧಿಸಿತ್ತು. ಆದರೂ ಸವಣೂರಿನ ಭಂಗಿ ಸಮುದಾಯದವರ ಮೈಗೆ ಮಲ ಹೊಸದಾಗಿರಲಿಲ್ಲ. ನಮ್ಮ ಹಿತ್ತಿಲಲ್ಲಿ ಕೈಗೆ, ತಲೆಗೆ ಮೆತ್ತುತ್ತಿದ್ದುದನ್ನೇ ಆ ದಿನ ಅವರು ಕಚೇರಿಯ ಬಾಗಿಲಿಗೆ ತಂದಿದ್ದರು. ನಾವು ಬೆಚ್ಚಿದ್ದು ಹೊಲಸಿಗಲ್ಲ, ಅದು ಜಾಗ ಬದಲಿಸಿದ್ದಕ್ಕೆ. ಊರಿನ ಮಾನ ಹೋಯಿತು ಎಂದು ಹಲುಬಿದವರಿಗೆ ಉತ್ತರ ಕೊಡುವಷ್ಟು ಪುರುಸೊತ್ತು ನನಗಿಲ್ಲ.

ಇನ್ನೊಂದು ಆಕ್ಷೇಪಕ್ಕೆ ಮಾತ್ರ ತಲೆಬಾಗುತ್ತೇನೆ. ಅವಮಾನದ ಚಿತ್ರ ತೆಗೆಯುವುದು ಅವಮಾನವನ್ನು ಎರಡನೆಯ ಸಲ ಮಾಡಿದಂತೆ. ಆ ಮುಖ ನಾಳೆ ಕೆಲಸ ಕೇಳಿಕೊಂಡು, ಹೆಣ್ಣು ಕೇಳಿಕೊಂಡು ಹೋಗಬೇಕಲ್ಲವೆ? ಚಂದ್ರಗುತ್ತಿಯನ್ನು ನೆನೆದರೆ ಈ ಮಾತಿನ ತೂಕ ಗೊತ್ತಾಗುತ್ತದೆ. ಅಲ್ಲಿ ದೇವಿಗೆ ಬೆತ್ತಲೆ ಸೇವೆ ಸಲ್ಲಿಸಲು ವರದಾ ನದಿಯಲ್ಲಿ ಮಿಂದು ಗುಡ್ಡದ ಗುಡಿಯ ಕಡೆ ಓಡುತ್ತಿದ್ದ ಹೆಣ್ಣುಮಕ್ಕಳು ಯಾವ ಕ್ಯಾಮೆರಾವನ್ನೂ ಕರೆದಿರಲಿಲ್ಲ. ಹರಕೆ ಅವರದು, ನೋಟ ನೆರೆದ ಗಂಡಸರದು. 1986ರ ಮಾರ್ಚಿನಲ್ಲಿ ತಡೆಯಹೋದ ಕಾರ್ಯಕರ್ತರ, ಪೊಲೀಸರ ಮೇಲೆಯೇ ಗುಂಪು ಬಿದ್ದು ಅವರನ್ನು ಬೆತ್ತಲೆ ಮಾಡಿತು. ಸೇವೆಗೆ ನಿಷೇಧ ಬಂತು, ಸರಿಯೇ ಆಯಿತು. ಆದರೆ ಬೆತ್ತಲೆ ಚಿತ್ರಗಳನ್ನು ಸುಧಾರಣೆಯ ಹೆಸರಿನಲ್ಲಿ ಬಾಯಿ ಚಪ್ಪರಿಸಿ ನೋಡಿದವರೂ ಇದ್ದರು.

ಸವಣೂರಿನವರದು ಬೇರೆ. ಎಲ್ಲಿ ನಿಲ್ಲಬೇಕು, ಏನು ತೋರಿಸಬೇಕು ಎಂಬುದನ್ನು ಅವರೇ ಗೊತ್ತುಮಾಡಿದ್ದರು. ಅಲ್ಲಿ ಕ್ಯಾಮೆರಾ ಬರೀ ಸಾಕ್ಷಿ.

ಫೋಟೊಗ್ರಾಫರ್ ಗೆಳೆಯರನ್ನು ಕೇಳಿದೆ: "ಬಳಿಯುವವರ ಚಿತ್ರ ತೆಗೆದೀರಿ. ಬಳಿಸಿಕೊಂಡ ಮನೆಯವರದ್ದು?"

ಅವರು ಲೆನ್ಸ್ ಒರೆಸುತ್ತ ಅಂದರು: "ಅವ್ರು ಒಳಗ ಬಿಟ್ಕೋಬೇಕಲ್ರೀ."