ಕತ್ತರಿ ಯಾರ ಕೈಯಲ್ಲಿ?

ಸಾಕ್ಷ್ಯಚಿತ್ರದ ನಿರ್ದೇಶಕರೇ ಅದರ ಸಂಕಲನವನ್ನೂ ಮಾಡಬೇಕೇ? ಕೈಯಲ್ಲಿ ಹಣವಿಲ್ಲದವರು ಹೇಗೂ ಮಾಡಿಯೇ ಮಾಡುತ್ತಾರೆ. ಹಣವಿದ್ದರೂ ಮಾಡಬೇಕೇ ಎಂಬುದು ನನ್ನ ಪ್ರಶ್ನೆ. ಕಥಾಚಿತ್ರಕ್ಕೆ ಚಿತ್ರಕಥೆ ಮೊದಲೇ ಸಿದ್ಧವಿರುತ್ತದೆ. ಸಾಕ್ಷ್ಯಚಿತ್ರಕ್ಕೆ ಅದು ಬಹುಪಾಲು ಹುಟ್ಟುವುದೇ ಸಂಕಲನದ ಕೋಣೆಯಲ್ಲಿ. ಹಾಗಿದ್ದ ಮೇಲೆ ಅಲ್ಲಿ ಕುಳಿತವರು ಅರ್ಧ ನಿರ್ದೇಶಕರೇ ಸರಿ.

ಉದ್ಯಾವರ, ಕಾಪು ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಬೆಳಗಿನವರೆಗೆ ನಡೆಯುತ್ತಿದ್ದ ಯಕ್ಷಗಾನದ ಆಟ ಕಾಲಮಿತಿಗೆ ಇಳಿದದ್ದನ್ನು ಅವರು ಕಂಡವರು. ಯಾವ ಪದ್ಯ ಬಿಡಬೇಕು, ಯಾರ ಮಾತು ಬೆಳೆಯಿತೆಂದು ಮುಂದಿನ ಪದ್ಯ ಎತ್ತಬೇಕು ಎಂಬುದೆಲ್ಲ ಭಾಗವತರ ತೀರ್ಮಾನ. ಆಡಿಸುವವರೂ ಅವರೇ, ಮೊಟಕುಗೊಳಿಸುವವರೂ ಅವರೇ. ಆದರೆ ಭಾಗವತರ ಎದುರು ಜನ ಕೂತಿರುತ್ತಾರೆ, ನಾಲ್ಕು ಮಂದಿ ಎದ್ದು ಚಾದಂಗಡಿಗೆ ಹೋದರೆ ಅವರಿಗೆ ತಿಳಿಯುತ್ತದೆ. ಸಂಕಲನಕ್ಕೆ ಕೂತ ನಿರ್ದೇಶಕರ ಎದುರು ಯಾರೂ ಇಲ್ಲ.

ರೀಲಿನ ಕಾಲದಲ್ಲಿ ಏನನ್ನು ಬಿಡಬೇಕೆಂಬ ತೊಡಕು ಇಷ್ಟಿರಲಿಲ್ಲ. 35 ಎಂ.ಎಂ.ನ 1000 ಅಡಿ ಫಿಲ್ಮು ಸುಮಾರು 11 ನಿಮಿಷಕ್ಕೆ ಮುಗಿದುಹೋಗುತ್ತಿತ್ತು. ಏನು ಬೇಕು, ಏನು ಬೇಡ ಎಂದು ಯೋಚಿಸಿಯೇ ಕ್ಯಾಮೆರಾ ಚಾಲೂ ಮಾಡಬೇಕಿತ್ತು. ಈಗ ಮೆಮೊರಿ ಕಾರ್ಡು ತುಂಬಿದಷ್ಟೂ ಚಿತ್ರಿಸಬಹುದು. ಆಯ್ಕೆಯ ಹೊರೆಯೆಲ್ಲ ಸಂಕಲನದ ಮೇಲೆ ಬಿದ್ದಿದೆ.

ಕಾರ್ಕಳದ ಬಳಿಯ ಮಿಯಾರಿನ ಹಳೆಯ ಮನೆಯೊಂದನ್ನು ಕಳಚಿ, ವಿಜಯನಾಥ ಶೆಣೈಯವರು ಮಣಿಪಾಲದಲ್ಲಿ ಕಟ್ಟಿದ ಹಸ್ತಶಿಲ್ಪ ಹೆರಿಟೇಜ್ ವಿಲೇಜಿನಲ್ಲಿ ಮತ್ತೆ ನಿಲ್ಲಿಸಲಾಗಿದೆ. ‘ಸುದ್ದ’ ಎಂಬ ತುಳು ಚಿತ್ರ ಮಾಡಿದ ಪಿ.ಎನ್. ರಾಮಚಂದ್ರ ಅದನ್ನೇ ವಸ್ತುವಾಗಿಟ್ಟುಕೊಂಡು ‘ಮಿಯಾರ್ ಹೌಸ್’ ಸಾಕ್ಷ್ಯಚಿತ್ರ ತೆಗೆದರು. ಇಂಥ ವಸ್ತುವಿನಲ್ಲಿ ಮರುಚಿತ್ರೀಕರಣದ ಮಾತೇ ಇಲ್ಲ. ಕಂಬ ಒಮ್ಮೆ ಕಳಚಿದರೆ ಕಳಚಿದಂತೆಯೇ. ಮತ್ತೆ ಸಿಗದ ದೃಶ್ಯವೆಂಬ ಕಾರಣಕ್ಕೇ ಅದನ್ನು ಬಿಡಲು ಯಾವ ನಿರ್ದೇಶಕರಿಗೂ ಮನಸ್ಸು ಬಾರದು. ಪಟ್ಟ ಪಾಡೆಲ್ಲ ಅವರಿಗೆ ನೆನಪಿರುತ್ತದೆ, ನೋಡುವವರಿಗೆ ಕಾಣುವುದು ಪರದೆ ಮಾತ್ರ.

ಹಾಗೆಂದು ಕೆಲಸವನ್ನು ಮುಂಬೈಯ ಸ್ಟುಡಿಯೋಕ್ಕೆ ಒಪ್ಪಿಸಿ ಕೈತೊಳೆದುಕೊಳ್ಳುವುದನ್ನೂ ನಾನು ಒಪ್ಪಲಾರೆ. ತುಳು ಮಾತನಾಡುವ ಅಜ್ಜಿಯೊಬ್ಬರು ನಡುವೆ ಸುಮ್ಮನಾಗುತ್ತಾರೆ. ಉಪಶೀರ್ಷಿಕೆ ಓದಿ ಕತ್ತರಿಸುವವರು ಮಾತು ಮುಗಿಯಿತೆಂದುಕೊಳ್ಳುತ್ತಾರೆ. ಆ ಮೌನದ ನಂತರವೇ ನಿಜವಾದ ಸಂಗತಿ ಬರುತ್ತದೆಂದು ಊರವರಿಗೆ ಗೊತ್ತು.

1929ರ ‘ಮ್ಯಾನ್ ವಿತ್ ಎ ಮೂವೀ ಕ್ಯಾಮೆರಾ’ದಲ್ಲಿ ಸಂಕಲನಕಾರ್ತಿ ಎಲಿಜವೆಟಾ ಸ್ವಿಲೋವಾ ಫಿಲ್ಮು ಜೋಡಿಸುವುದೇ ಪರದೆಯ ಮೇಲೆ ಬರುತ್ತದೆ. ನಿರ್ದೇಶಕ ಜಿಗಾ ವೆರ್ತೋವ್ ಆಕೆಯ ಪತಿ. ಒಂದೇ ಮನೆಯವರಾದರೂ ಕಣ್ಣು ಎರಡನೆಯದು.

ಹಾಗಾಗಿ ಮೊದಲ ಜೋಡಣೆಯನ್ನು, ಮಾತಿನ ಆಯ್ಕೆಯನ್ನು ನಿರ್ದೇಶಕರೇ ಮಾಡಲಿ. ಚಿತ್ರದ ಉದ್ದವೆಷ್ಟು ಎಂಬುದನ್ನು ಚಿತ್ರೀಕರಣಕ್ಕೆ ಹೋಗದ ಇನ್ನೊಬ್ಬರು ನಿರ್ಧರಿಸಲಿ. ಪೂರ್ತಿ ಕೆಲಸಕ್ಕೆ ಸಂಕಲನಕಾರರನ್ನು ಇಟ್ಟುಕೊಳ್ಳಲು ಆಗದಿದ್ದರೆ ಕೊನೆಯ ಒಂದು ವಾರಕ್ಕಾದರೂ ಕರೆಸಬಹುದು. ಡ್ರೋನ್ ಬಾಡಿಗೆಗೆ ಹಣ ತೆಗೆದಿಡುವ ನಿರ್ಮಾಪಕರು ಇದಕ್ಕೆ ಮಾತ್ರ ಇಲ್ಲವೆಂದರೆ ನಂಬುವುದು ಕಷ್ಟ.