ಅಚಲೆಯ ಚಲನೆ

ಅಮರಕೋಶವು ಭೂಮಿಗೆ ಹೇಳುವ ಪರ್ಯಾಯನಾಮಗಳಲ್ಲಿ ಅಚಲಾ, ಸ್ಥಿರಾ ಎಂಬ ಎರಡಿವೆ. ಕಾಲಡಿಯ ನೆಲದ ವಿಷಯದಲ್ಲಿ ಮನುಷ್ಯನ ನಿತ್ಯಾನುಭವವೂ ಅದೇ. ಜರ್ಮನಿಯ ಆಲ್‌ಫ್ರೆಡ್ ವೆಗೆನರ್ 1912ರಲ್ಲಿ ಖಂಡಗಳೇ ಚಲಿಸುತ್ತವೆಂದು ಸಾರಿದಾಗ ಭೂವಿಜ್ಞಾನಿಗಳಲ್ಲಿ ಬಹುಮಂದಿ ಅದನ್ನು ತಳ್ಳಿಹಾಕಿದರು. ಆತನು ಹವಾಮಾನಶಾಸ್ತ್ರಜ್ಞನಾಗಿದ್ದುದೂ ಅದಕ್ಕೆ ಒಂದು ಕಾರಣವಾಗಿರಬೇಕು. 1930ರಲ್ಲಿ ಗ್ರೀನ್‌ಲ್ಯಾಂಡಿನ ಹಿಮದಲ್ಲಿ ಆತನು ಮಡಿದನು. ಮೂರು ದಶಕಗಳ ತರುವಾಯ ಸಾಗರತಳದ ಶೋಧನೆಗಳು ಆ ಮಾತಿನ ತಿರುಳನ್ನು ಸಿದ್ಧಪಡಿಸಿದವು. ಭೂಮಿಯ ಹೊರಕವಚವು ಹಲವು ಫಲಕಗಳಾಗಿ ಒಡೆದಿದ್ದು, ಅವು ಒಂದರಿಂದೊಂದು ಅಗಲುತ್ತ, ಒಂದನ್ನೊಂದು ಒತ್ತುತ್ತ ಸಾಗಿವೆ.

ಈ ಯಾತ್ರೆಯ ಗುರುತುಗಳು ಕನ್ನಡನಾಡಿನಲ್ಲಿಯೇ ಇವೆ. ಸುಮಾರು 8.8 ಕೋಟಿ ವರ್ಷಗಳ ಹಿಂದೆ ಮಡಗಾಸ್ಕರವು ಭಾರತದಿಂದ ಬೇರ್ಪಟ್ಟ ಕಾಲದ ಶಿಲಾರಸವು ಮಲ್ಪೆಯ ಎದುರಿನ ಸೇಂಟ್ ಮೇರಿ ದ್ವೀಪಗಳಲ್ಲಿ ಕಂಬಗಳ ಸಾಲಾಗಿ ನಿಂತಿದೆ. ಉತ್ತರಾಭಿಮುಖವಾಗಿ ಸಾಗಿದ ಭಾರತಫಲಕವು ಇಂದು ರಿಯೂನಿಯನ್ ದ್ವೀಪವಿರುವ ಭೂಗರ್ಭದ ಉಷ್ಣತಾಣದ ಮೇಲೆ ಹಾದಾಗ, ಸುಮಾರು 6.6 ಕೋಟಿ ವರ್ಷಗಳ ಹಿಂದೆ, ದಖ್ಖನ್ನಿನ ಲಾವಾ ಪದರುಪದರಾಗಿ ಹರಿಯಿತು. ಅದು ಶಿಥಿಲಗೊಂಡು ಆದುದೇ ವಿಜಯಪುರ, ಬೀದರ ಸೀಮೆಗಳ ಎರೆಭೂಮಿ. ಬಿಳಿಜೋಳದ ಬುತ್ತಿಗೆ ಇಷ್ಟು ಹಳೆಯ ಋಣವಿದೆ. ಸುಮಾರು 5 ಕೋಟಿ ವರ್ಷಗಳ ಹಿಂದೆ ಫಲಕವು ಏಷ್ಯಾಕ್ಕೆ ಡಿಕ್ಕಿಹೊಡೆಯಿತು. ನಡುವಣ ಸಮುದ್ರದ ತಳವು ಮಡಿಕೆಯಾಗಿ ಹಿಮಾಲಯದಲ್ಲಿ ಸೇರಿತು.

ಆ ನೂಕುವಿಕೆ ಇನ್ನೂ ನಿಂತಿಲ್ಲ. ವರ್ಷಕ್ಕೆ ಸುಮಾರು 5 ಸೆಂಟಿಮೀಟರು ಎಂದರೆ, 50 ವರ್ಷಗಳ ಹಿಂದೆ ಹಾಕಿದ ಶಾಲೆಯೊಂದರ ಅಡಿಗಲ್ಲು ಇಂದಿಗೆ ಎರಡೂವರೆ ಮೀಟರು ಈಶಾನ್ಯಕ್ಕೆ ಸರಿದಿದೆ!

ಶಾಲೆಗಳಲ್ಲಿ ಭೂಕಂಪವೆಂದರೆ ಹಿಮಾಲಯದ ಪಾಠ. ದಕ್ಷಿಣದ ಪ್ರಸ್ಥಭೂಮಿಯು ಸ್ಥಿರವೆಂಬ ಒಂದು ವಾಕ್ಯದಲ್ಲಿ ಉಳಿದುದೆಲ್ಲ ಮುಗಿಯುತ್ತದೆ. ಈ ಅರ್ಧಸತ್ಯವು ಅಪಾಯಕರ. ಉತ್ತರದಲ್ಲಿ ತಡೆಗೊಂಡ ಒತ್ತಡವು ಫಲಕದ ಒಳಗೂ ಹರಡಿ, ಎಂದೋ ಒಮ್ಮೆ ಹಳೆಯ ಬಿರುಕುಗಳಲ್ಲಿ ಬಿಡುಗಡೆ ಹೊಂದುತ್ತದೆ. 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ ಬೀದರಿಗೆ ನೆರೆಯ ಲಾತೂರು ಜಿಲ್ಲೆಯ ಕಿಲ್ಲಾರಿಯಲ್ಲಿ ಆದುದು ಅದೇ. ಅಂದಿನ ನಕ್ಷೆಯಲ್ಲಿ ಆ ಊರು ಅತ್ಯಂತ ನಿರಪಾಯವೆನಿಸಿದ ಒಂದನೆಯ ವಲಯದಲ್ಲಿತ್ತು. ಕಂಪನದ ಪ್ರಮಾಣ 6.2, ಸತ್ತವರು 7,900ಕ್ಕೂ ಮಿಕ್ಕಿದವರು. ಮಲಗಿದ್ದವರನ್ನು ಕೊಂದುದು ಮಣ್ಣಿನ ಕೆಸರಿನಲ್ಲಿ ಕೂರಿಸಿದ ದಪ್ಪ ಕಲ್ಲುಗೋಡೆ ಮತ್ತು ಮಣ್ಣು ಹೇರಿದ ಮಾಳಿಗೆ. ಆ ಕಲ್ಲೂ ಅದೇ ಲಾವಾದ ಕರಿಯ ಕಲ್ಲು. ಒಂದನೆಯ ವಲಯವನ್ನೇ 2002ರಲ್ಲಿ ನಕ್ಷೆಯಿಂದ ತೆಗೆಯಲಾಯಿತು. ತರಗತಿಯ ಮಾತು ಅಷ್ಟು ಬೇಗ ತಿದ್ದಿಕೊಂಡಿಲ್ಲ.

ಶಿಕ್ಷಕರು ಆ ಒಂದು ವಾಕ್ಯವನ್ನು ಬಿಡಬೇಕು. ಮಕ್ಕಳನ್ನು ಹಳೆಯ ಗೋಡೆಯೊಂದರ ಬಳಿಗೆ ಕರೆದೊಯ್ದು ಪಾಠ ಹೇಳಬೇಕು. ದಾನಿಗಳ ಕೆಲಸ ಇನ್ನೂ ಹಿರಿದು. ಮಹಾದ್ವಾರಕ್ಕೂ ಸಭಾಭವನಕ್ಕೂ ದೇಣಿಗೆ ಸಲೀಸಾಗಿ ಬರುತ್ತದೆ. ಗೋಡೆಯ ಎರಡು ಮುಖಗಳನ್ನು ಕಟ್ಟಿಹಿಡಿಯುವ ಉದ್ದಗಲ್ಲು, ಬಾಗಿಲುಗಳ ಮೇಲ್ಮಟ್ಟದಲ್ಲಿ ಕಟ್ಟಡವನ್ನೆಲ್ಲ ಸುತ್ತುವರಿಯುವ ಕಾಂಕ್ರೀಟಿನ ಪಟ್ಟಿ ಇವುಗಳಿಗೆ ಬರುವುದು ಅಪರೂಪ. ಗಿಲಾವು ಬಳಿದ ಮೇಲೆ ಅವು ಯಾರ ಕಣ್ಣಿಗೂ ಬೀಳವು, ದಾನಿಯ ಹೆಸರನ್ನು ಅಲ್ಲಿ ಕೆತ್ತಿಸಲೂ ಬಾರದು.