ಕಾಲವನ್ನೇ ಕುದಿಸುವ ಗಿಲ್ಡ್‌ನಲ್ಲಿ ಪಾತ್ರೆ ತೊಳೆಯೋರು ಯಾರು?

ಹಾಸ್ಟೆಲ್ ರೂಮುಗಳಲ್ಲಿ ಒಂದಲ್ಲ ಒಂದು ಫ್ಯಾಂಟಸಿ ಓಡ್ತಾನೇ ಇರುತ್ತೆ. 'ಡಿಲಿಷಿಯಸ್ ಇನ್ ಡಂಜನ್' 2024ರಲ್ಲಿ ಆನಿಮೆಯಾಗಿ ಬಂದಮೇಲೆ, ಡ್ರ್ಯಾಗನ್ ಕೊಲ್ಲೋದಷ್ಟೇ ಅಲ್ಲ, ಅದನ್ನು ಹದವಾಗಿ ಬೇಯಿಸೋದೂ ಸಾಹಸವೇ ಅಂತ ನಾವೆಲ್ಲ ಒಪ್ಪಿಕೊಂಡಿದ್ದೇವೆ. ಟೆರ್ರಿ ಪ್ರಾಚೆಟ್‌ನ 'ಥೀಫ್ ಆಫ್ ಟೈಮ್' (2001) ಕಾದಂಬರಿಯಲ್ಲಿ ಕಾಲವನ್ನು ಅಗತ್ಯ ಇದ್ದಲ್ಲಿಗೆ ಹಂಚುವ ಸನ್ಯಾಸಿಗಳಿದ್ದಾರೆ. ಅಲ್ಲಿಗೆ ಕಲಿಯಲು ಬಂದ ಹುಡುಗನಿಗೆ ಗುರುವಾಗಿ ಸಿಗೋದು ಕಸ ಗುಡಿಸುವ ಮುದುಕ. ಇವೆರಡನ್ನೂ ಸೇರಿಸಿ ನೋಡಿ. ಅಡುಗೆ ಮತ್ತು ಕಾಲಮಾಯೆ ಎರಡನ್ನೂ ಕಲಿಸುವ ಒಂದು ಗಿಲ್ಡ್, ಅಲ್ಲಿಗೆ ಹೊಸದಾಗಿ ಸೇರಿದ ಶಿಷ್ಯ. ಕಥೆ ಬರೆಯೋಕೆ ಇದಕ್ಕಿಂತ ರುಚಿಯಾದ ವಸ್ತು ಬೇಕಾ?

ಆದರೆ ನಮ್ಮದೊಂದು ತಕರಾರಿದೆ. ಇಂಥ ಕಥೆಗಳಲ್ಲಿ ಮಾಯೆ ಸಿಕ್ಕ ತಕ್ಷಣ ಕಲಿಕೆ ಮಾಯವಾಗಿಬಿಡುತ್ತೆ. ಕಾಲವನ್ನು ಓಡಿಸೋಕೆ ಬರುತ್ತೆ ಅಂದಮೇಲೆ ಶಿಷ್ಯ ಏಳು ವರ್ಷ ಯಾಕೆ ಕಾಯಬೇಕು? ಒಂದೇ ರಾತ್ರಿಯಲ್ಲಿ ಮುಗಿಸಬಹುದಲ್ವಾ? ಈ ಪ್ರಶ್ನೆಗೆ ಉತ್ತರ ಕೊಡದ ಕಥೆ ಎಷ್ಟು ರಂಗಾಗಿದ್ದರೂ ಉಪ್ಪಿಲ್ಲದ ಸಾರು.

ಉತ್ತರ ನಮ್ಮ ಮನೆಯಲ್ಲೇ ಇದೆ. ಒಳ್ಳೆ ಅಡುಗೆಗೆ 'ನಳಪಾಕ' ಅಂತೀವಲ್ಲ, ಆ ನಳನ ಕಥೆ ಮಹಾಭಾರತದ ವನಪರ್ವದಲ್ಲಿದೆ. ಕನಕದಾಸರು ಅದನ್ನೇ ಕನ್ನಡದಲ್ಲಿ 'ನಳಚರಿತ್ರೆ'ಯಾಗಿ ಬರೆದರು. ರಾಜ್ಯ ಕಳೆದುಕೊಂಡ ನಳ ವೇಷ ಬದಲಾಗಿ, ಬಾಹುಕ ಅನ್ನೋ ಹೆಸರಲ್ಲಿ ಋತುಪರ್ಣ ರಾಜನ ಹತ್ತಿರ ಕೆಲಸಕ್ಕೆ ಸೇರುತ್ತಾನೆ. ಅವನು ನೋಡಿದರೆ ಖಾಲಿ ಕೊಡ ತುಂಬುತ್ತೆ, ಹಿಡಿ ಹುಲ್ಲು ಹಿಡಿದರೆ ತಾನಾಗಿ ಹೊತ್ತಿಕೊಳ್ಳುತ್ತೆ. ಇದು ಅಡುಗೆಯ ಮಾಯೆ. ಇನ್ನು ಕಾಲದ್ದು: ಅಯೋಧ್ಯೆಯಿಂದ ವಿದರ್ಭಕ್ಕೆ ನೂರು ಯೋಜನ ದಾರಿ, ಅದನ್ನು ಒಂದೇ ದಿನದಲ್ಲಿ ರಥ ಓಡಿಸಿ ಮುಗಿಸುತ್ತಾನೆ. ದಾರಿಯಲ್ಲಿ ರಾಜನ ಉತ್ತರೀಯ ಹಾರಿ ಬೀಳುತ್ತೆ. ನಿಲ್ಲಿಸು ಅನ್ನೋಷ್ಟರಲ್ಲಿ ಅದು ಒಂದು ಯೋಜನ ಹಿಂದೆ ಹೋಗಿರುತ್ತೆ!

ಇಷ್ಟು ಅವಸರದ ಪ್ರಯಾಣದಲ್ಲಿ ಅದೇ ನಳ ರಥ ನಿಲ್ಲಿಸುತ್ತಾನೆ. ಋತುಪರ್ಣ ಒಂದು ತಾರೆ ಮರವನ್ನು ನೋಡಿದವನೇ ಅದರ ಎಲೆ, ಕಾಯಿಗಳ ಲೆಕ್ಕ ಹೇಳಿಬಿಡುತ್ತಾನೆ. ನಳ ಕೆಳಗಿಳಿದು, ನಾನೇ ಎಣಿಸಿ ನೋಡಬೇಕು ಅಂತಾನೆ. ಹೊತ್ತಾಯ್ತು ಅಂತ ರಾಜ ಗೋಗರೆದರೂ ಕೇಳಲ್ಲ. ಎಣಿಸಿ, ಲೆಕ್ಕ ಸರಿ ಅಂತ ಖಾತ್ರಿಯಾದ ಮೇಲೆ ಆ ವಿದ್ಯೆಯನ್ನು ಕೇಳುತ್ತಾನೆ. ಬದಲಿಗೆ ತನ್ನ ಕುದುರೆಯ ವಿದ್ಯೆ ಕೊಡ್ತೀನಿ ಅಂತಾನೆ. ದಾರಿಯನ್ನು ಕುಗ್ಗಿಸಬಲ್ಲವನು ಎಣಿಕೆಯನ್ನು ಕುಗ್ಗಿಸಲಿಲ್ಲ. ಆ ವಿದ್ಯೆ ಸಿಕ್ಕಮೇಲೇ ಅವನನ್ನು ಹಿಡಿದಿದ್ದ ಕಲಿ ಬಿಟ್ಟು ಹೋಗಿದ್ದು.

ನಿಜವಾದ ಅಡುಗೆಮನೆಯೂ ಹೀಗೇ. ಪ್ರೆಶರ್ ಕುಕ್ಕರ್ ಕಾಲಮಾಯೆ ಅಲ್ಲದೆ ಇನ್ನೇನು? 1679ರಲ್ಲಿ ಡೆನಿಸ್ ಪಾಪಿನ್ ಅದರ ಮೂಲರೂಪ ಮಾಡಿದ. ಒತ್ತಡ ಹೆಚ್ಚಾದಾಗ ನೀರು ಸುಮಾರು 120 ಡಿಗ್ರಿಯಲ್ಲಿ ಕುದಿಯುತ್ತೆ, ಬೇಳೆ ಬೇಗ ಬೇಯುತ್ತೆ. ಫ್ರಿಜ್ ಕಾಲವನ್ನು ನಿಧಾನ ಮಾಡುತ್ತೆ. ಇಡ್ಲಿ ಹಿಟ್ಟಿನೊಳಗಿನ ಬ್ಯಾಕ್ಟೀರಿಯಾ ಮಾತ್ರ ತಮ್ಮ ಹೊತ್ತು ತಗೊಳ್ಳುತ್ತವೆ. ಚಳಿಗಾಲದಲ್ಲಿ ಇನ್ನೂ ಜಾಸ್ತಿ. ಯಾವುದನ್ನು ಓಡಿಸಬೇಕು, ಯಾವುದಕ್ಕೆ ಕಾಯಬೇಕು ಅಂತ ಗೊತ್ತಿರೋರೇ ಭಟ್ಟರು. ಆ ಹದ ಕುಕ್ಕರಿನ ಜೊತೆ ಡಬ್ಬದಲ್ಲಿ ಬರಲ್ಲ.

ಹಾಗಂತ ಗಿಲ್ಡ್‌ಗಳನ್ನು ಹಾಡಿ ಹೊಗಳೋಕೆ ನಾವು ತಯಾರಿಲ್ಲ. ಇಂಗ್ಲೆಂಡಿನಲ್ಲಿ 1563ರ ಕಾನೂನು ಕಸುಬು ಕಲಿಯೋಕೆ ಕನಿಷ್ಠ ಏಳು ವರ್ಷ ಅಂತ ಕಟ್ಟುಮಾಡಿತು. 1776ರಲ್ಲಿ ಆಡಂ ಸ್ಮಿತ್ ಇಷ್ಟು ಉದ್ದದ ಶಿಷ್ಯವೃತ್ತಿ ಅನಾವಶ್ಯಕ ಅಂತ ವಾದಿಸಿದ. 1814ರಲ್ಲಿ ಆ ನಿಯಮ ರದ್ದಾಯ್ತು. ಏಳು ವರ್ಷದಲ್ಲಿ ಕಲಿಕೆ ಎಷ್ಟು, ಬಿಟ್ಟಿ ಚಾಕರಿ ಎಷ್ಟು? ಕಾಲಮಾಯೆ ಗೊತ್ತಿರೋ ಗುರುವಾದರೆ ಇನ್ನೂ ಅಪಾಯ. ಶಿಷ್ಯನ ವರ್ಷಗಳನ್ನೇ ಒಲೆಗೆ ಹಾಕಿ ತನ್ನ ಸಾರು ಕುದಿಸಿಕೊಳ್ಳಬಹುದು.

ಇಲ್ಲಿಗೆ ಕಥೆ ನಮ್ಮ ಕ್ಯಾಂಪಸ್ಸಿಗೇ ಬಂತು. ಇಂಟರ್ನ್‌ಶಿಪ್ ಹೆಸರಲ್ಲಿ ನಮ್ಮ ಬೇಸಿಗೆ ರಜೆಯನ್ನು ಕೇಳೋರು ಬಹಳ ಜನ ಇದ್ದಾರೆ. ಕೆಲವರು ನಮ್ಮಿಂದಲೇ ದುಡ್ಡು ತಗೊಂಡು ಸರ್ಟಿಫಿಕೇಟ್ ಕೊಡ್ತಾರೆ. ನಮ್ಮ ದೇಶದ 1961ರ ಅಪ್ರೆಂಟಿಸ್ ಕಾಯ್ದೆ ಶಿಷ್ಯನಿಗೆ ಸ್ಟೈಪೆಂಡ್ ಕೊಡಲೇಬೇಕು ಅನ್ನುತ್ತೆ. ಇಂಟರ್ನ್‌ಶಿಪ್ ಅಂತ ನಡೆಯೋದೆಲ್ಲ ಅದರೊಳಗೆ ಬರಲ್ಲ. ಹಾಗಾಗಿ ಅಳತೆಗೋಲು ನಮ್ಮ ಕೈಯಲ್ಲೇ ಇರಬೇಕು.

ಆ ಅಳತೆಗೋಲನ್ನು ನಮ್ಮ ಕಲ್ಪನೆಯ ಗಿಲ್ಡ್‌ನಿಂದಲೇ ತಗೊಳ್ಳೋಣ. ಕಾಲವನ್ನು ಓಡಿಸೋ ಶಕ್ತಿ ಇದ್ದಿದ್ದರೆ ಆ ಎಂಟು ವಾರದಲ್ಲಿ ಯಾವ ದಿನವನ್ನು ಓಡಿಸದೆ ಉಳಿಸಿಕೊಳ್ತಿದ್ದೆವು? ಬಗ್ ಎಲ್ಲಿದೆ ಅಂತ ಸೀನಿಯರ್ ಪಕ್ಕದಲ್ಲಿ ಕೂತು ಹುಡುಕಿದ ದಿನ, ಮೆಷಿನ್ ಸದ್ದು ಕೇಳಿಯೇ ಬೇರಿಂಗ್ ಹೋಗಿದೆ ಅಂದ ಮೆಕ್ಯಾನಿಕ್ ಅಣ್ಣನ ಜೊತೆ ನಿಂತ ದಿನ, ಇಂಥವು ನಾಲ್ಕು ಇದ್ದರೂ ಅದು ಶಿಷ್ಯವೃತ್ತಿಯೇ, ಪಾತ್ರೆ ತೊಳೆದರೂ ಪರವಾಗಿಲ್ಲ. ಒಂದೂ ಇಲ್ಲ ಅಂದ್ರೆ ಅದು ಬರೀ ಚಾಕರಿ.

ಎಐ ಟೂಲುಗಳಿಗೂ ಇದೇ ಮಾತು. ಅವು ಒಳ್ಳೆ ಕುಕ್ಕರುಗಳು, ಬೇಳೆಗೆ ಧಾರಾಳವಾಗಿ ಬಳಸೋಣ. ಮರದ ಎಲೆಗಳನ್ನು ಮಾತ್ರ ನಾವೇ ಕೆಳಗಿಳಿದು ಎಣಿಸಬೇಕು.

ಇನ್ನು ಕಥೆ ಬರೆಯೋ ಗೆಳೆಯರಿಗೆ ಒಂದು ಕೋರಿಕೆ. ಆ ಗಿಲ್ಡ್‌ನ ಕಥೆ ಬರೆದು ಕಳಿಸಿ. ಶಿಷ್ಯ ಮೊದಲ ದಿನ ಏನು ತೊಳೆದ, ಯಾರಿಗಾಗಿ ತೊಳೆದ, ಸಂಜೆ ಅವನಿಗೆ ಊಟ ಹಾಕಿದ್ರಾ ಅನ್ನೋದು ಅದರಲ್ಲಿ ಇರಲಿ.